ಕತ್ತರಿ ಹಿಡಿದವನ ಮಲೆನಾಡು

ಆಗುಂಬೆಗೆ ಸೂರ್ಯಾಸ್ತ ನೋಡಲು ಹೋದವರಿಗೆಲ್ಲ ಸೂರ್ಯಾಸ್ತ ಕಂಡೀತೆಂಬ ಭರವಸೆಯಿಲ್ಲ. ವರ್ಷಕ್ಕೆ ಏಳು ಸಾವಿರ ಮಿಲಿಮೀಟರಿನಷ್ಟು ಮಳೆ ಬೀಳುವ ಊರಿನಲ್ಲಿ ಸೂರ್ಯನಾರಾಯಣನಿಗೆ ಅಷ್ಟೊಂದು ಸಲಿಗೆಯಿರುವುದು ಸಾಧ್ಯವಿಲ್ಲ. ಮೋಡ ಮುಸುಕಿದ ಘಾಟಿಯ ಅಂಚಿನಿಂದ ಊರೊಳಕ್ಕೆ ಮರಳಿ, ಬಿಸಿ ಕಾಫಿ ಕುಡಿದು ಮೈ ಬೆಚ್ಚಗಾದ ಮೇಲೆ ಪ್ರವಾಸಿಗರು ಕೇಳುವ ಪ್ರಶ್ನೆ ಸಾಮಾನ್ಯವಾಗಿ ಒಂದೇ: ‘ಮಾಲ್ಗುಡಿ ಎಲ್ಲಿದೆ?’ ಊರಿನವರು ಬೇಸರಪಡದೆ ದೊಡ್ಡಮನೆಯತ್ತ ಕೈ ತೋರುತ್ತಾರೆ. ಮರದ ಕಂಬಗಳ, ಒಳ ಅಂಗಳದ ಆ ಹಳೆಯ ಮನೆಯಲ್ಲಿಯೂ ಅದರೆದುರಿನ ಬೀದಿಯಲ್ಲಿಯೂ 1980ರ ದಶಕದ ನಡುವಿನಲ್ಲಿ ಶಂಕರನಾಗ್ ಅವರು ಆರ್. ಕೆ. ನಾರಾಯಣರ ಕಥೆಗಳನ್ನು ದೂರದರ್ಶನಕ್ಕಾಗಿ ಚಿತ್ರಿಸಿದರು. ಚಿಕ್ಕ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್ ಓಡಿದ್ದು ಈ ಬೀದಿಯಲ್ಲಿಯೇ.

ಬೀದಿಯೇನೋ ಸರಿ. ಆದರೆ ಮಾಲ್ಗುಡಿಗೆ ಒಂದು ರೈಲು ನಿಲ್ದಾಣವೂ ಉಂಟಷ್ಟೆ. ನಾರಾಯಣರ ಕಥಾಲೋಕದಲ್ಲಿ ಊರಿಗಿಂತ ಮೊದಲು ನೆನಪಾಗುವುದೇ ಆ ನಿಲ್ದಾಣ. ಆಗುಂಬೆಯ ಕಾಡಿನೊಳಕ್ಕೆ ರೈಲು ಬಂದದ್ದಿಲ್ಲ. ದೂರದರ್ಶನದಲ್ಲಿ ಕಂಡ ನಿಲ್ದಾಣ ಹೊಸನಗರ ತಾಲ್ಲೂಕಿನ ಅರಸಾಳಿನದು. ಶಿವಮೊಗ್ಗದಿಂದ ತಾಳಗುಪ್ಪಕ್ಕೆ ಹೋಗುವ ಹಾದಿಯಲ್ಲಿ ಕಾಡಿನ ನಡುವೆ ನಿಂತಿರುವ ಸಣ್ಣ ನಿಲ್ದಾಣ. ಆಗುಂಬೆಯಿಂದ ತೀರ್ಥಹಳ್ಳಿಗೆ ಬಂದು, ಕೋಣಂದೂರು, ರಿಪ್ಪನ್‌ಪೇಟೆಗಳ ಮೇಲೆ ಅರಸಾಳನ್ನು ಸೇರಬೇಕಾದರೆ ಅರವತ್ತು ಕಿಲೋಮೀಟರಿಗೂ ಮಿಗಿಲಾದ ದಾರಿ. ಹಾಗಿದ್ದರೂ ಮನೆಯಿಂದ ಹೊರಟ ಸ್ವಾಮಿ ಎರಡು ಹೆಜ್ಜೆಗೆ ರೈಲ್ವೆ ಹಳಿಯ ಬಳಿಗೆ ಬಂದಾಗ ದೇಶದ ಯಾವ ಪ್ರೇಕ್ಷಕನೂ ಹುಬ್ಬೇರಿಸಲಿಲ್ಲ. ಬೀದಿಯ ತುದಿಯಲ್ಲಿಯೇ ನಿಲ್ದಾಣವಿದೆಯೆಂದು ಎಲ್ಲರೂ ನಂಬಿದರು. ತೀರ್ಥಹಳ್ಳಿ ತಾಲ್ಲೂಕಿನ ಒಂದು ಬೀದಿಗೆ ಹೊಸನಗರ ತಾಲ್ಲೂಕಿನ ಒಂದು ಪ್ಲಾಟ್‌ಫಾರಮನ್ನು ತಂದು ಅಂಟಿಸಿದವನು ಯಾರು? ಇಂಜಿನಿಯರನಲ್ಲ, ಕಂದಾಯ ಇಲಾಖೆಯ ಮೋಜಣಿದಾರನೂ ಅಲ್ಲ. ಕತ್ತಲು ಕವಿದ ಕೋಣೆಯಲ್ಲಿ, ಸಣ್ಣದೊಂದು ಗಾಜಿನ ತೆರೆಯ ಮುಂದೆ ಕುಳಿತ ಚಿತ್ರಸಂಕಲನಕಾರ.

ಈ ಚಮತ್ಕಾರ ಹೊಸದಲ್ಲ. ರಷ್ಯದ ಲೆವ್ ಕುಲೆಷೋವ್ 1920ರ ಸುಮಾರಿನಲ್ಲಿಯೇ ಇದನ್ನು ಪ್ರಯೋಗವಾಗಿ ಮಾಡಿ ತೋರಿಸಿದ್ದ. ಮಾಸ್ಕೋ ನಗರದ ಬೇರೆ ಬೇರೆ ಮೂಲೆಗಳಲ್ಲಿ ತೆಗೆದ ಚಿತ್ರಗಳ ನಡುವೆ ಅಮೆರಿಕದ ಶ್ವೇತಭವನದ ಒಂದು ಚಿತ್ರವನ್ನು ಸೇರಿಸಿ, ನಟರು ಆ ಮೆಟ್ಟಿಲನ್ನೇ ಹತ್ತಿಹೋದರೆಂಬ ಭ್ರಮೆ ಹುಟ್ಟಿಸಿದ. ನೆಲದ ಮೇಲೆ ಇಲ್ಲದ ಊರೊಂದನ್ನು ಫಿಲ್ಮಿನ ಮೇಲೆ ಕಟ್ಟಬಹುದೆಂದು ಅಂದಿಗೇ ಸಿದ್ಧವಾಯಿತು. ಆದರೆ ಕುಲೆಷೋವನ ಊರಿಗೆ ಪ್ರವಾಸಿಗರು ಹೋಗಲಿಲ್ಲ. ಮಾಲ್ಗುಡಿಗೆ ಹೋಗುತ್ತಿದ್ದಾರೆ! ಅರಸಾಳಿನ ಹಳೆಯ ನಿಲ್ದಾಣದ ಕಟ್ಟಡವನ್ನು ರೈಲ್ವೆ ಇಲಾಖೆ ದುರಸ್ತಿ ಮಾಡಿಸಿ 2020ರಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯವನ್ನಾಗಿ ಮಾಡಿದೆ. ಧಾರಾವಾಹಿ ತೆಗೆದ ಕಾಲದಲ್ಲಿ ಆ ಹಾದಿಯಲ್ಲಿ ಓಡುತ್ತಿದ್ದುದು ಮೀಟರ್‌ಗೇಜ್ ಗಾಡಿ. ಈಗಿರುವುದು ಅಗಲ ಹಳಿ. ಹಳಿ ಬದಲಾಯಿತು, ಗಾಡಿ ಬದಲಾಯಿತು, ಕಟ್ಟಿದ ಕಥೆಯ ಹೆಸರು ಮಾತ್ರ ಗೋಡೆಯ ಮೇಲೆ ಉಳಿಯಿತು.

ಇಂಥ ಕೆಲಸ ಮಾಡುವವನ ಬಾಳು ಹೇಗಿರುತ್ತದೆಂದು ವಾಚಕರಲ್ಲಿ ಬಹುಮಂದಿ ಯೋಚಿಸಿರಲಾರರು. ಚಿತ್ರಮಂದಿರದಲ್ಲಿ ದೀಪವಾರಿ, ಕುರ್ಚಿ ಹುಡುಕುತ್ತ, ಮಕ್ಕಳನ್ನು ಸುಮ್ಮನಿರಿಸುತ್ತಿರುವಾಗ ತೆರೆಯ ಮೇಲೆ ‘ಸಂಕಲನ’ ಎಂಬ ಪದದ ಕೆಳಗೆ ಒಂದು ಹೆಸರು ಬಂದು ಮಾಯವಾಗುತ್ತದೆ. ನಟನ ಮುಖ ಮನೆಮಾತಾಗುತ್ತದೆ, ಗಾಯಕನ ದನಿ ಬಚ್ಚಲುಮನೆಯವರೆಗೂ ಬರುತ್ತದೆ, ಛಾಯಾಗ್ರಾಹಕನ ಕಣ್ಣನ್ನು ಹೊಗಳುವವರೂ ಉಂಟು. ಸಂಕಲನಕಾರನನ್ನು ಜನ ನೆನೆಯುವುದು ಚಿತ್ರ ಜಗ್ಗಿದಾಗ ಮಾತ್ರ. ‘ಇನ್ನೂ ಅರ್ಧ ಗಂಟೆ ಕತ್ತರಿಸಬಹುದಾಗಿತ್ತು’ ಎನ್ನುತ್ತ ಅವರು ಮನೆಗೆ ಹೋಗುತ್ತಾರೆ. ಚೆನ್ನಾಗಿ ಕತ್ತರಿಸಿದಾಗ ಕತ್ತರಿಸಿದ್ದೇ ತಿಳಿಯುವುದಿಲ್ಲ. ಕಾಣದಿರುವುದೇ ಕೌಶಲವಾಗಿರುವ ಉದ್ಯೋಗಗಳು ಲೋಕದಲ್ಲಿ ಹೆಚ್ಚಿಲ್ಲ.

ಕನ್ನಡ ಚಿತ್ರಗಳು ಬಹುಕಾಲ ಮದರಾಸಿನಲ್ಲಿ ಹುಟ್ಟಿದವು. ಸ್ಟುಡಿಯೋ ಅಲ್ಲಿ, ಪ್ರಯೋಗಶಾಲೆ ಅಲ್ಲಿ, ಧ್ವನಿಮುದ್ರಣವೂ ಅಲ್ಲಿ. ಆದ್ದರಿಂದ ಕತ್ತರಿಯೂ ಅಲ್ಲಿಯೇ. ಚಿತ್ರಸಂಕಲನವನ್ನು ಕಲಿಯಬೇಕೆಂಬ ಹುಡುಗ ಅಂಥದೊಂದು ಕೋಣೆಯಲ್ಲಿ ಸಹಾಯಕನಾಗಿ ಸೇರಬೇಕಾಗಿತ್ತು. ಮೊದಲ ದಿನಗಳಲ್ಲಿ ಕತ್ತರಿ ಮುಟ್ಟುವಂತಿರಲಿಲ್ಲ. ರೀಲನ್ನು ಹಿಂದಕ್ಕೆ ಸುತ್ತುವುದು, ಧೂಳು ಒರಸುವುದು, ತುಂಡುಗಳಿಗೆ ಸಂಖ್ಯೆ ಬರೆದು ಗೂಟಗಳಿಗೆ ಸಾಲಾಗಿ ನೇತುಹಾಕುವುದು, ನೆಲಕ್ಕೆ ಬಿದ್ದ ಗೇಣುದ್ದದ ತುಣುಕು ಯಾವ ದೃಶ್ಯದ್ದೆಂದು ಬೆಳಕಿಗೆ ಹಿಡಿದು ಗುರುತಿಸುವುದು. ಗುರು ಕೇಳಿದ ಕ್ಷಣಕ್ಕೆ ಆ ತುಣುಕು ಕೈಗೆ ಬರದಿದ್ದರೆ ಬೈಗಳು ಖಂಡಿತ. ಬಳಿಕ ಚಿತ್ರವನ್ನೂ ಧ್ವನಿಯನ್ನೂ ಹೊಂದಿಸುವ ಕೆಲಸ. ದೃಶ್ಯದ ಮೊದಲಿಗೆ ಹಲಗೆ ಬಡಿಯುವುದನ್ನು ಚಿತ್ರೀಕರಣ ನೋಡಿದವರೆಲ್ಲ ಬಲ್ಲರು. ಹಲಗೆಯ ಎರಡು ಭಾಗ ಕೂಡಿದ ಚಿತ್ರಕ್ಕೆ ಆ ‘ಟಪ್’ ಎಂಬ ಸದ್ದನ್ನು ಹೊಂದಿಸಿದರೆ ಮುಂದಿನ ಮಾತೆಲ್ಲ ತುಟಿಗೆ ಸರಿಯಾಗಿ ಕೂರುತ್ತದೆ. ಬಡಿಯುವುದು ಹೊರಾಂಗಣದ ಸಂಭ್ರಮಕ್ಕಲ್ಲ, ಒಳಕೋಣೆಯ ಈ ಹುಡುಗನಿಗಾಗಿ.

ಲೆಕ್ಕ ಬಲ್ಲವರಿಗೆ ಈ ವಿದ್ಯೆಯ ಇನ್ನೊಂದು ಮುಖ ಹಿಡಿಸೀತು. 35 ಮಿಲಿಮೀಟರ್ ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರಚೌಕಗಳು. ತೆರೆಯ ಮೇಲೆ ಸೆಕೆಂಡಿಗೆ 24 ಹರಿಯುತ್ತವೆ. ಅಂದರೆ ನಿಮಿಷಕ್ಕೆ 90 ಅಡಿ. ಸಾವಿರ ಅಡಿಯ ರೀಲೊಂದು ಹನ್ನೊಂದು ನಿಮಿಷದಲ್ಲಿ ಮುಗಿಯುತ್ತದೆ. ಎರಡೂಕಾಲು ಗಂಟೆಯ ಚಿತ್ರಕ್ಕೆ ಹನ್ನೆರಡು ಸಾವಿರ ಅಡಿ ಬೇಕು. ಚಿತ್ರೀಕರಣದಲ್ಲಿ ಓಡಿಸಿದ ಫಿಲ್ಮು ಅದರ ಎಷ್ಟೋ ಪಾಲು. ಆ ರಾಶಿಯಿಂದ ಪಡಿಯಚ್ಚು ತೆಗೆಸಿ, ನಿಂತು ನೋಡುವ ಮೂವಿಯೋಲಾ ಯಂತ್ರದಲ್ಲಿಯೋ ಕುಳಿತು ನೋಡುವ ಸ್ಟೀನ್‌ಬೆಕ್ ಮೇಜಿನ ಮೇಲೆಯೋ ಹಿಂದೆಮುಂದೆ ಓಡಿಸಿ, ಮೇಣದ ಪೆನ್ಸಿಲಿನಿಂದ ಗುರುತು ಹಾಕಿ, ಕತ್ತರಿಸಿ ಅಂಟಿಸಿ, ಮತ್ತೆ ಬಿಚ್ಚಿ ಮತ್ತೆ ಅಂಟಿಸಿ ಒಂದು ರೂಪಕ್ಕೆ ತರುವುದು. ನಿರ್ದೇಶಕ ಒಪ್ಪಿದ ಮೇಲೆ ಅಂಚಿನ ಸಂಖ್ಯೆಗಳನ್ನು ನೋಡಿಕೊಂಡು ಮೂಲ ನೆಗೆಟಿವನ್ನು ಕತ್ತರಿಸಬೇಕು. ಅಲ್ಲಿ ಕೈ ತಪ್ಪಿದರೆ ದೇವರೂ ಕಾಯುವುದಿಲ್ಲ; ಕತ್ತರಿಸಿದ ನೆಗೆಟಿವ್ ಮೊದಲಿನಂತೆ ಆಗದು. ನೂರಾರು ಜನರ ತಿಂಗಳುಗಟ್ಟಲೆಯ ದುಡಿಮೆಯ ಮೇಲೆ ಕತ್ತರಿ ಇಡುವ ಆ ಕ್ಷಣದಲ್ಲಿ ಕೋಣೆಯಲ್ಲಿ ಯಾರೂ ಮಾತಾಡುತ್ತಿರಲಿಲ್ಲವಂತೆ.

ಮಲೆನಾಡಿನವರಿಗೆ ಇದನ್ನು ವಿವರಿಸಲು ದೂರದ ಉಪಮಾನ ಬೇಡ. ಅಡಕೆ ಕೊಯ್ಲಿನ ಕಾಲದಲ್ಲಿ ತೀರ್ಥಹಳ್ಳಿಯಿಂದ ಸಾಗರದವರೆಗೆ ಯಾವ ಮನೆಯ ಅಂಗಳಕ್ಕೆ ಹೋದರೂ ರಾತ್ರಿಯ ಬೆಳಕಿನಲ್ಲಿ ಮೆಟ್ಟುಗತ್ತಿಯ ಮುಂದೆ ಕುಳಿತವರ ಸಾಲು ಕಾಣುತ್ತದೆ. ಸಿಪ್ಪೆ ಒಂದು ಕಡೆ, ಕಾಯಿ ಒಂದು ಕಡೆ. ಬಳಿಕ ಹಸ, ಬೆಟ್ಟೆ, ರಾಶಿ, ಗೊರಬಲು ಎಂದು ವಿಂಗಡಣೆ. ಕೈ ತಾನಾಗಿ ಓಡುತ್ತಿರುತ್ತದೆ, ಬಾಯಿ ಊರ ಸುದ್ದಿ ಆಡುತ್ತಿರುತ್ತದೆ. ಒಂದು ವ್ಯತ್ಯಾಸವನ್ನು ಮಾತ್ರ ಮರೆಯಬಾರದು. ಅಡಕೆ ಸುಲಿಯುವವನು ಕೆಟ್ಟದ್ದನ್ನಷ್ಟೇ ಎಸೆಯುತ್ತಾನೆ. ಸಂಕಲನಕಾರ ಒಳ್ಳೆಯದನ್ನೂ ಎಸೆಯಬೇಕು. ಹತ್ತು ದಿನ ಮಳೆಯಲ್ಲಿ ನೆನೆದು ತೆಗೆದ ಸೊಗಸಾದ ನೋಟವೊಂದು ಕಥೆಯನ್ನು ತಡೆಯುತ್ತಿದ್ದರೆ, ಛಾಯಾಗ್ರಾಹಕನ ಮುಖ ನೋಡದೆ ಅದನ್ನು ಬುಟ್ಟಿಗೆ ಹಾಕುವ ಕಲ್ಲೆದೆ ಅವನಿಗಿರಬೇಕು.

ಮಳೆಯ ಮಾತು ಬಂದಿತು. ಮಲೆನಾಡಿನ ಮಳೆ ನೋಡುವವರಿಗೆ ರಮ್ಯ. ಚಿತ್ರ ತೆಗೆಯುವವರಿಗೆ ಪರೀಕ್ಷೆ. ಹಿಂದಿನಿಂದ ಬೆಳಕು ಬಿದ್ದಲ್ಲದೆ ಮಳೆಯ ಎಳೆಗಳು ಚಿತ್ರದಲ್ಲಿ ಮೂಡುವುದಿಲ್ಲ. ಆಗುಂಬೆಯಲ್ಲಿ ಬೆಳಗ್ಗೆ ಎಂಟಕ್ಕೆ ಜಡಿಮಳೆ, ಎಂಟೂವರೆಗೆ ಮಂಜು, ಒಂಬತ್ತಕ್ಕೆ ಬಿಸಿಲು. ಒಂದೇ ಸಂಭಾಷಣೆಯಲ್ಲಿ ಗಂಡನ ಮುಖವನ್ನು ಮಳೆಯಲ್ಲಿಯೂ ಹೆಂಡತಿಯ ಮುಖವನ್ನು ಬಿಸಿಲಿನಲ್ಲಿಯೂ ತೆಗೆದು ತಂದರೆ ಪಾಪ ಸಂಕಲನಕಾರ ಏನು ಮಾಡಬೇಕು? ಆಗ ಅವನು ಕಣ್ಣನ್ನು ಬಿಟ್ಟು ಕಿವಿಯ ಮೊರೆಹೋಗುತ್ತಾನೆ. ಹಂಚಿನ ಮೇಲೆ ಸುರಿಯುವ ಮಳೆಯ ಸದ್ದನ್ನು ಎರಡು ಮುಖಗಳ ಕೆಳಗೂ ಕಡಿಯದಂತೆ ಹರಿಸಿಬಿಟ್ಟರೆ ಪ್ರೇಕ್ಷಕನಿಗೆ ಬೆಳಕಿನ ಬದಲಾವಣೆ ಕಂಡರೂ ಕಾಣದಂತಾಗುತ್ತದೆ. ಎರಡು ತುಂಡುಗಳನ್ನು ಬೆಸೆಯುವುದು ಅಂಟಲ್ಲ, ಸದ್ದು. ಈ ಗುಟ್ಟು ತಿಳಿದವರು ಮಲೆನಾಡಿನ ಚಿತ್ರವೊಂದನ್ನು ಕಣ್ಣು ಮುಚ್ಚಿ ಒಮ್ಮೆ ಕೇಳಬೇಕು. ಜೀರುಂಡೆ, ಸೋನೆ, ದೂರದ ಹೊಳೆಗಳು ಎಷ್ಟು ಕೆಲಸ ಮಾಡುತ್ತಿವೆಯೆಂದು ಗೊತ್ತಾಗುತ್ತದೆ.

ಕನ್ನಡದಲ್ಲಿ ಈ ವಿದ್ಯೆಯಿಂದ ಹೆಸರಾದವರು ಇಲ್ಲದಿಲ್ಲ. ರಾಜಕುಮಾರ್ ಅವರ ಚಿತ್ರಗಳ ಸುವರ್ಣಯುಗದಲ್ಲಿ ಪಿ. ಭಕ್ತವತ್ಸಲಂ ಅವರ ಹೆಸರು ಮತ್ತೆ ಮತ್ತೆ ತೆರೆಯ ಮೇಲೆ ಬಂದಿತು. ಸುರೇಶ್ ಅರಸ್ ಅವರು ಮಣಿರತ್ನಂ ಅವರ ತಮಿಳು ಚಿತ್ರಗಳಾದ ‘ದಳಪತಿ’, ‘ರೋಜಾ’ಗಳನ್ನು ಸಂಕಲಿಸಿ, 1995ರ ‘ಬಾಂಬೆ’ ಚಿತ್ರಕ್ಕಾಗಿ ರಾಷ್ಟ್ರಪ್ರಶಸ್ತಿ ಪಡೆದರು. ಬಂಗಾಳದಲ್ಲಿ ಸತ್ಯಜಿತ್ ರಾಯರ ಚಿತ್ರಗಳನ್ನೆಲ್ಲ ಮೊದಲಿನಿಂದ ಕೊನೆಯವರೆಗೆ ಸಂಕಲಿಸಿದವರು ಒಬ್ಬರೇ, ದುಲಾಲ್ ದತ್ತ. ರಾಯರ ಹೆಸರು ಬಲ್ಲ ಕೋಟಿ ಜನರಲ್ಲಿ ದತ್ತರ ಹೆಸರು ಬಲ್ಲವರು ವಿರಳ. ಪ್ರಾದೇಶಿಕ ಭಾಷೆಯ ಚಿತ್ರರಂಗದಲ್ಲಿ ಇಂಥ ಜೋಡಿ ಕೂಡುವುದು ಭಾಗ್ಯವೆನ್ನಬೇಕು. ಕನ್ನಡದಲ್ಲಿ ಅದಕ್ಕೆ ಹತ್ತಿರವಾದ ಉದಾಹರಣೆಯನ್ನು ಹುಡುಕುತ್ತ ಹೊರಟರೆ ಮತ್ತೆ ತೀರ್ಥಹಳ್ಳಿಗೇ ಬರಬೇಕು.

ತೀರ್ಥಹಳ್ಳಿ ತಾಲ್ಲೂಕಿಗೆ ಸಾಹಿತ್ಯಯಾತ್ರೆ ಹೋಗುವವರಿಗೆ ಕುಪ್ಪಳಿಯ ಹಾದಿ ಗೊತ್ತು. ಅನಂತಮೂರ್ತಿಯವರು ಹುಟ್ಟಿದ ಮೇಳಿಗೆಯನ್ನೂ ಕೆಲವರು ಕೇಳಿಕೊಂಡು ಹೋಗುತ್ತಾರೆ. ಕೆಸಲೂರಿಗೆ ಹೋಗುವವರು ಕಡಿಮೆ. ಗಿರೀಶ ಕಾಸರವಳ್ಳಿಯವರು 1950ರಲ್ಲಿ ಹುಟ್ಟಿದ್ದು ಅಲ್ಲಿ. ಔಷಧಶಾಸ್ತ್ರ ಓದಿ, ಆ ಉದ್ಯೋಗದ ಹಾದಿ ಬಿಟ್ಟು, ಪುಣೆಯ ಚಲಚ್ಚಿತ್ರ ಸಂಸ್ಥೆಯನ್ನು ಸೇರಿದವರು. ಪ್ರಭಾತ್ ಸ್ಟುಡಿಯೋದ ಅಂಗಳದಲ್ಲಿ 1960ರಲ್ಲಿ ಆರಂಭವಾದ ಆ ಸಂಸ್ಥೆಯಲ್ಲಿ ಸಂಕಲನವೂ ಒಂದು ಪ್ರತ್ಯೇಕ ಪಾಠಕ್ರಮ. ಮದರಾಸಿನ ಕೋಣೆಯಲ್ಲಿ ಬೈಗಳು ತಿಂದು ಕಲಿಯುತ್ತಿದ್ದುದನ್ನು ಅಲ್ಲಿ ಕರಿಹಲಗೆಯ ಮುಂದೆ ಕಲಿಸಿದರು. ಎರಡರಲ್ಲಿ ಯಾವುದು ಮೇಲೆಂಬ ಚರ್ಚೆ ಇಂದಿಗೂ ಮುಗಿದಿಲ್ಲ. ಬೈಗಳಿಗೂ ಅದರದೇ ಗುಣವುಂಟು.

ಅನಂತಮೂರ್ತಿಯವರ ಕಥೆಯನ್ನು ಆಧರಿಸಿ 1977ರಲ್ಲಿ ಕಾಸರವಳ್ಳಿಯವರು ಮಾಡಿದ ಮೊದಲ ಚಿತ್ರ ‘ಘಟಶ್ರಾದ್ಧ’. ಅದರ ಛಾಯಾಗ್ರಾಹಕರು ಎಸ್. ರಾಮಚಂದ್ರ, ಮುಂದೆ ಮಾಲ್ಗುಡಿಯನ್ನು ಕ್ಯಾಮೆರಾದಲ್ಲಿ ಹಿಡಿದವರೂ ಅವರೇ. ಸಂಕಲನ ಉಮೇಶ ಕುಲಕರ್ಣಿಯವರದು, ಸಂಗೀತ ಬಿ. ವಿ. ಕಾರಂತರದು. ವೇದಪಾಠಕ್ಕೆಂದು ಬಂದ ಪುಟ್ಟ ಹುಡುಗ ನಾಣಿಯ ಕಣ್ಣಿನಲ್ಲಿ, ಬಸುರಿಯಾದ ವಿಧವೆ ಯಮುನಕ್ಕನ ದುರಂತವನ್ನು ತೋರಿಸುವ ಕಥೆ. ದೊಡ್ಡವರ ಮಾತು ಹುಡುಗನಿಗೆ ಅರ್ಧ ಕೇಳಬೇಕು, ಅರ್ಧ ಕೇಳಬಾರದು. ಕಂಡದ್ದು ಅರ್ಥವಾಗಬೇಕು, ಆಗಲೂ ಬಾರದು. ಇದು ನಟನೆಯಿಂದ ಮಾತ್ರ ಸಾಧ್ಯವಾಗುವ ಸಂಗತಿಯಲ್ಲ. ಹುಡುಗನ ಮುಖದಿಂದ ಯಮುನಕ್ಕನ ಕಡೆಗೆ ಯಾವ ಕ್ಷಣದಲ್ಲಿ ಹೊರಳಬೇಕು, ಎಷ್ಟು ಹೊತ್ತು ಅಲ್ಲಿ ನಿಲ್ಲಬೇಕು ಎಂಬುದರ ಮೇಲೆ ಇಡೀ ಚಿತ್ರ ನಿಂತಿದೆ. ಕೊನೆಯಲ್ಲಿ ಊರು ಬಿಟ್ಟು ಹೊರಟ ನಾಣಿಗೆ, ಬಹಿಷ್ಕೃತಳಾಗಿ ತಲೆ ಬೋಳಿಸಿಕೊಂಡು ಮರದ ಬುಡದಲ್ಲಿ ಕುಳಿತ ಯಮುನಕ್ಕ ಕಾಣುತ್ತಾಳೆ. ಆ ನೋಟವನ್ನು ಇನ್ನೊಂದಿಷ್ಟು ಬೆಳೆಸಿದ್ದರೆ ಪ್ರೇಕ್ಷಕರು ಅತ್ತು ಹಗುರಾಗುತ್ತಿದ್ದರು. ಇನ್ನೊಂದಿಷ್ಟು ಮೊಟಕು ಮಾಡಿದ್ದರೆ ಮರೆಯುತ್ತಿದ್ದರು. ಆ ವರ್ಷದ ಸ್ವರ್ಣಕಮಲ ಚಿತ್ರಕ್ಕೆ ಬಂದಿತು. ಅವರ ಚಿತ್ರಗಳಲ್ಲಿ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ಗಳಿಗೂ ಅದೇ ಮನ್ನಣೆ ದೊರೆಯಿತು.

ತೀರ್ಥಹಳ್ಳಿಯಿಂದ ಉತ್ತರಕ್ಕೆ ಹೊರಟ ಬಸ್ಸು ಹೊಸನಗರದ ಸೀಮೆಯನ್ನು ಹೊಕ್ಕಾಗ ದಾರಿ ಇನ್ನಷ್ಟು ಹಸುರಾಗುತ್ತದೆ. ನಗರದ ಕೋಟೆ, ದೂರದಲ್ಲಿ ಕೊಡಚಾದ್ರಿ. ಇವುಗಳ ವರ್ಣನೆ ಅನೇಕ ಸಲ ಬಂದಿರುವುದರಿಂದ ಇಲ್ಲಿ ಬೇಡ. ಸಾಗರವನ್ನು ಸೇರಿ, ಗುಡಿಗಾರರ ಗಂಧದ ಕೆತ್ತನೆಯನ್ನು ನೋಡಿ ಮುಂದೆ ಎಂಟು ಕಿಲೋಮೀಟರಿನಷ್ಟು ಹೋದರೆ ಹೆಗ್ಗೋಡು.

ಅಡಕೆ ತೋಟಗಳ ನಡುವಿನ ಈ ಹಳ್ಳಿಯಲ್ಲಿ 1949ರಲ್ಲಿ ಹುಟ್ಟಿದ ನೀಲಕಂಠೇಶ್ವರ ನಾಟ್ಯಸೇವಾ ಸಂಘ, ಅಂದರೆ ‘ನೀನಾಸಂ’, ನಾಟಕಕ್ಕೆ ಮಾಡಿದ ಸೇವೆ ನಾಡಿಗೆಲ್ಲ ತಿಳಿದದ್ದೇ. ಕೆ. ವಿ. ಸುಬ್ಬಣ್ಣನವರು ಅದಕ್ಕೆ ಚಿತ್ರಸಮಾಜವನ್ನೂ ಸೇರಿಸಿದ್ದು 1973ರಲ್ಲಿ. ಕಾಸರವಳ್ಳಿಯವರಿಗೆ ಸುಬ್ಬಣ್ಣನವರು ಸೋದರಮಾವನಾಗಬೇಕು. ಮಲೆನಾಡಿನಲ್ಲಿ ಎಲ್ಲಿ ಕೆದಕಿದರೂ ಒಂದು ನಂಟು ಹೊರಡುತ್ತದೆ! ಪುಣೆಯ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯದ ಪಿ. ಕೆ. ನಾಯರ್ ಅವರು ಜಗತ್ತಿನ ಶ್ರೇಷ್ಠ ಚಿತ್ರಗಳ ಡಬ್ಬಿಗಳನ್ನು ಈ ಹಳ್ಳಿಗೆ ತಂದರು. ಪ್ರೊಫೆಸರ್ ಸತೀಶ್ ಬಹಾದುರ್ ಅವರು ಬಂದು ಚಿತ್ರವನ್ನು ನೋಡುವುದು ಹೇಗೆಂದು ಪಾಠ ಹೇಳಿದರು. 1977ರಲ್ಲಿ ಇಲ್ಲಿ ಚಿತ್ರೋತ್ಸವವೇ ನಡೆಯಿತು. ತೋಟದ ಕೆಲಸ ಮುಗಿಸಿ, ಕೈಕಾಲು ತೊಳೆದು ಬಂದ ಗಂಡಸರು ಹೆಂಗಸರು ಶಿವರಾಮ ಕಾರಂತ ರಂಗಮಂದಿರದಲ್ಲಿ ಕುಳಿತು ಇಟಲಿಯ ‘ಬೈಸಿಕಲ್ ಥೀವ್ಸ್’ ನೋಡಿದರು, ಜಪಾನಿನ ‘ರಶೋಮನ್’ ನೋಡಿದರು.

ಪೇಟೆಯ ಪಂಡಿತರು ಆಗ ನಕ್ಕಿದ್ದರೆ ಆಶ್ಚರ್ಯವಿಲ್ಲ. ಇಟಲಿಯ ಭಾಷೆ ಯಾರಿಗೆ ಅರ್ಥವಾಗಬೇಕು? ಆದರೆ ಸೈಕಲ್ ಕಳೆದುಕೊಂಡ ತಂದೆಯ ಮುಖವನ್ನೂ ಅವನನ್ನು ನೋಡುವ ಮಗನ ಮುಖವನ್ನೂ ಒಂದರ ಪಕ್ಕದಲ್ಲಿ ಒಂದು ಇಟ್ಟಾಗ ಹುಟ್ಟುವ ಅರ್ಥಕ್ಕೆ ನಿಘಂಟು ಬೇಕಿಲ್ಲ. ‘ರಶೋಮನ್’ ಇನ್ನೂ ಕುತೂಹಲಕರ. ಕಾಡಿನಲ್ಲಿ ನಡೆದ ಒಂದೇ ಘಟನೆಯನ್ನು ಬೇರೆ ಬೇರೆಯವರು ಬೇರೆ ಬೇರೆಯಾಗಿ ಹೇಳುತ್ತಾರೆ. ಅದನ್ನು ನಿರ್ದೇಶಿಸಿದ ಕುರೊಸಾವಾ ಸಂಕಲನವನ್ನೂ ಸ್ವತಃ ಮಾಡಿದವರು. ಹಿಂದೆ ನಡೆದದ್ದನ್ನು ಈಗ ತೋರಿಸುವುದು, ಮತ್ತೆ ಹಿಂದಿರುಗುವುದು, ಅದೇ ಕಾಡನ್ನು ಬೇರೊಂದು ಕಣ್ಣಿನಿಂದ ತೋರಿಸುವುದು. ಇದೆಲ್ಲ ಯಕ್ಷಗಾನದಲ್ಲಿ ರಾತ್ರಿಯಿಡೀ ಪ್ರಸಂಗ ನೋಡಿ, ತಾಳಮದ್ದಲೆಯಲ್ಲಿ ಕೃಷ್ಣನ ಪಕ್ಷವನ್ನೂ ಕೌರವನ ಪಕ್ಷವನ್ನೂ ಸಮಾನವಾಗಿ ಕೇಳಿ ಬಲ್ಲ ಜನರಿಗೆ ಕಠಿನವಾಗಲೇಕೆ? ಪ್ರೇಕ್ಷಕನಿಗೆ ಅರ್ಥವಾಗದೆಂದು ಹೇಳಿ ಎಲ್ಲವನ್ನೂ ಜಗ್ಗಿ ಎಳೆಯುವ ನಿರ್ಮಾಪಕರು ಹೆಗ್ಗೋಡಿಗೆ ಒಮ್ಮೆ ಬರಬೇಕಾಗಿತ್ತು. ಸುಬ್ಬಣ್ಣನವರಿಗೆ 1991ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ ಬಂದಿತು. 2005ರಲ್ಲಿ ಅವರು ತೀರಿಕೊಂಡರು.

ಹೆಗ್ಗೋಡಿನ ಆ ಪ್ರೇಕ್ಷಕರು ತಾವೇ ತೆರೆಯ ಮೇಲೆ ಬಂದದ್ದೂ ಉಂಟು. ಶಿವೇಂದ್ರಸಿಂಗ್ ಡುಂಗರ್‌ಪುರ್ ಅವರು ನಾಯರರ ಬಾಳನ್ನು ಕುರಿತು 2012ರಲ್ಲಿ ಮಾಡಿದ ‘ಸೆಲ್ಯುಲಾಯ್ಡ್ ಮ್ಯಾನ್’ ಎಂಬ ಸಾಕ್ಷ್ಯಚಿತ್ರದಲ್ಲಿ ಹಳ್ಳಿಯವರು ತಾವು ದಶಕಗಳ ಹಿಂದೆ ಕಂಡ ಚಿತ್ರಗಳನ್ನು ನೆನೆಯುತ್ತಾರೆ. ಆ ಚಿತ್ರದ ಸಂಕಲನಕ್ಕಾಗಿ ಐರೀನ್ ಧರ್ ಮಲಿಕ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಿತು. ‘ಕತ್ತರಿ ಹಿಡಿದವನು’ ಎಂದು ಈ ಲೇಖನದುದ್ದಕ್ಕೂ ಹೇಳಿದ್ದರೂ ಹಿಡಿದವಳೂ ಉಂಟೆಂಬುದನ್ನು ವಾಚಕರು, ಅದರಲ್ಲಿಯೂ ವಾಚಕಿಯರು, ಗಮನಿಸಬೇಕು. ಸೀರೆಯ ಹರಿದ ಅಂಚನ್ನು ಹೊಲಿಗೆ ಕಾಣದಂತೆ ಕೂಡಿಸಬಲ್ಲ ಕೈಗಳಿಗೆ ಈ ಕೆಲಸ ಒಗ್ಗದೆಂದು ಹೇಳುವ ಧೈರ್ಯ ಯಾರಿಗಿದೆ?

ಡುಂಗರ್‌ಪುರ್ ಅವರು ಅಷ್ಟಕ್ಕೇ ನಿಲ್ಲಿಸಲಿಲ್ಲ. ಅವರು ಸ್ಥಾಪಿಸಿದ ಫಿಲ್ಮ್ ಹೆರಿಟೇಜ್ ಫೌಂಡೇಷನ್, ವಿದೇಶದ ಸಂಸ್ಥೆಗಳ ನೆರವಿನಿಂದ ‘ಘಟಶ್ರಾದ್ಧ’ದ ಹಳೆಯ ಫಿಲ್ಮನ್ನು ಶುದ್ಧಗೊಳಿಸಿ ಮರುಜೀವ ಕೊಟ್ಟಿತು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ, ತೆರೆಕಂಡ ನಲವತ್ತೇಳು ವರ್ಷಗಳ ಮೇಲೆ, ಯಮುನಕ್ಕ ಮತ್ತೆ ಮರದ ಬುಡದಲ್ಲಿ ಕುಳಿತಳು. ಫಿಲ್ಮು ಎಂಬುದು ತಾಳೆಗರಿಗಿಂತ ಅಲ್ಪಾಯು. ಶೆಖೆ, ತೇವ, ಬೂಷ್ಟು ಇವುಗಳಿಗೆ ಅದು ಬೇಗ ತುತ್ತಾಗುತ್ತದೆ. ಕನ್ನಡದ ಎಷ್ಟೋ ಹಳೆಯ ಚಿತ್ರಗಳು ಇಂದು ಹೆಸರಾಗಿ ಉಳಿದಿವೆಯೇ ಹೊರತು ರೀಲಾಗಿ ಅಲ್ಲ; 1934ರ ‘ಸತಿ ಸುಲೋಚನಾ’, ಕನ್ನಡದ ಮೊದಲ ವಾಕ್ಚಿತ್ರ, ನೋಡಬೇಕೆಂದರೆ ದೊರೆಯದು. ನಟನ ಕೀರ್ತಿ ಜನರ ಬಾಯಲ್ಲಿ ಉಳಿದೀತು, ಹಾಡು ತಟ್ಟೆಯಲ್ಲಿ ಉಳಿದೀತು. ಸಂಕಲನಕಾರನ ಕೆಲಸಕ್ಕೆ ಫಿಲ್ಮಿನ ಹೊರಗೆ ಬೇರೆ ಮನೆಯಿಲ್ಲ.

ಮನೆಯಿಲ್ಲದವರ ಮಾತು ಬಂದ ಮೇಲೆ ಶರಾವತಿಯ ಹಿನ್ನೀರಿನ ಕಡೆಗೆ ಹೋಗದೆ ಸಾಗರದ ಪ್ರವಾಸ ಮುಗಿಯುವಂತಿಲ್ಲ. 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟು ನಾಡಿಗೆ ಬೆಳಕು ಕೊಟ್ಟಿತು. ಸಾಗರ, ಹೊಸನಗರ ತಾಲ್ಲೂಕುಗಳ ಗದ್ದೆ, ತೋಟ, ದೇವಸ್ಥಾನ, ಮನೆಗಳನ್ನು ನೀರಿನಡಿಗೆ ಕಳಿಸಿತು. ಗುಡ್ಡದ ನೆತ್ತಿಗಳು ದ್ವೀಪಗಳಾದವು. ಸಾಗರದವರೇ ಆದ ನಾ. ಡಿಸೋಜರು ಸರ್ಕಾರಿ ನೌಕರಿಯಲ್ಲಿದ್ದುಕೊಂಡೇ ಈ ಮುಳುಗಡೆಯನ್ನು ಹತ್ತಿರದಿಂದ ಕಂಡು ಕಾದಂಬರಿಗಳನ್ನು ಬರೆದರು. 2014ರಲ್ಲಿ ಮಡಿಕೇರಿಯ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾಗಿದ್ದ ಅವರು 2025ರ ಜನವರಿಯಲ್ಲಿ ಕಣ್ಮುಚ್ಚಿದರು. ಅವರ ‘ದ್ವೀಪ’ವನ್ನು ಕಾಸರವಳ್ಳಿಯವರು ಚಿತ್ರವಾಗಿಸಿದರು. ನಿರ್ಮಾಪಕಿಯೂ ನಾಯಕಿಯೂ ಸೌಂದರ್ಯ, ಸಂಕಲನ ಎಂ. ಎನ್. ಸ್ವಾಮಿ ಮತ್ತು ಎಸ್. ಮನೋಹರ್ ಅವರದು. ಕಾಸರವಳ್ಳಿಯವರ ಇತರ ಚಿತ್ರಗಳಲ್ಲಿಯೂ, ‘ಗುಲಾಬಿ ಟಾಕೀಸ್’ನಲ್ಲಿಯೂ, ಇದೇ ಕೈಗಳು ಕೆಲಸ ಮಾಡಿವೆ. ಮೇಲೆ ಹೇಳಿದ ಜೋಡಿಯ ಭಾಗ್ಯವೆಂದರೆ ಇದು.

‘ದ್ವೀಪ’ದ ಕಥೆಯಲ್ಲಿ ಘಟನೆಗಳು ಕಡಿಮೆ. ಅಣೆಕಟ್ಟಿನ ನೀರು ಏರುತ್ತಿದೆ. ಊರವರು ಪರಿಹಾರ ಪಡೆದು ಹೊರಟಿದ್ದಾರೆ. ಗಣಪ, ಅವನ ಹೆಂಡತಿ ನಾಗಿ, ಮುದುಕ ದುಗ್ಗಜ್ಜ ಬೆಟ್ಟದ ಮೇಲೆ ಉಳಿದಿದ್ದಾರೆ. ಏರುವ ನೀರನ್ನು ತೋರಿಸುವುದು ಹೇಗೆ? ಕ್ಯಾಮೆರಾ ಇಟ್ಟು ಕಾದರೆ ನೀರು ಏರಿದ್ದು ಕಾಣುವುದೇ ಇಲ್ಲ, ಮಗು ಬೆಳೆಯುವುದು ತಾಯಿಗೆ ಕಾಣದಂತೆ. ಮೆಟ್ಟಿಲು, ಮರ, ಮನೆಯಂಗಳಗಳಿಗೆ ಕಥೆ ಮತ್ತೆ ಮತ್ತೆ ಹಿಂದಿರುಗಬೇಕು. ಪ್ರತಿ ಸಲವೂ ನೀರು ತುಸು ಹತ್ತಿರವಾಗಿರಬೇಕು. ನಡುವಿನ ದಿನಗಳು ತುಂಡುಗಳ ಸಂದಿಯಲ್ಲಿ ಕಳೆದುಹೋಗುತ್ತವೆ. ಭಯ ಹುಟ್ಟುವುದು ತೋರಿಸಿದ ನೀರಿನಿಂದಲ್ಲ, ತೋರಿಸದೆ ಬಿಟ್ಟ ದಿನಗಳಿಂದ. ಚಿತ್ರಕ್ಕೆ 2001ನೆಯ ಸಾಲಿನ ಸ್ವರ್ಣಕಮಲ ದೊರೆಯಿತು; ಛಾಯಾಗ್ರಹಣಕ್ಕಾಗಿ ಎಚ್. ಎಂ. ರಾಮಚಂದ್ರ ಹಾಲ್ಕೆರೆಯವರಿಗೆ ರಾಷ್ಟ್ರಪ್ರಶಸ್ತಿ ಬಂದಿತು. ಯೋಗ್ಯವಾದ ಪ್ರಶಸ್ತಿಯೇ. ಸಂದಿಗಳನ್ನು ಕಾದವರಿಗೆ ಏನೂ ಬರಲಿಲ್ಲ. ಚಿತ್ರದ ಕೊನೆಯಲ್ಲಿ ನೀರು ಇಳಿದಾಗ ಗಣಪ ಅದೆಲ್ಲ ದೈವದ ಕೃಪೆಯೆನ್ನುತ್ತಾನೆ. ರಾತ್ರಿಯೆಲ್ಲ ಮನೆಯನ್ನು ಕಾದ ನಾಗಿಯ ಶ್ರಮ ಅವನ ಲೆಕ್ಕಕ್ಕೆ ಬರುವುದಿಲ್ಲ. ಸಂಕಲನದ ಮೇಜಿನ ಮೇಲೆ ಆ ದೃಶ್ಯವನ್ನು ಜೋಡಿಸಿದವರಿಗೆ ನಾಗಿಯ ಮುಖ ಬಹಳ ಚೆನ್ನಾಗಿ ಅರ್ಥವಾಗಿರಬೇಕು.

ಈಗ ಮೇಜೂ ಇಲ್ಲ, ಕತ್ತರಿಯೂ ಇಲ್ಲ. 1990ರ ದಶಕದಲ್ಲಿ ಗಣಕಯಂತ್ರ ಸಂಕಲನದ ಕೋಣೆಯನ್ನು ಹೊಕ್ಕಿತು. ಬಳಿಕ ಫಿಲ್ಮೇ ಮಾಯವಾಯಿತು. ಅಂಟು, ಗೂಟ, ಮೇಣದ ಪೆನ್ಸಿಲುಗಳ ಕಾಲ ಮುಗಿದು, ಸಾಗರದ ಕಾಲೇಜು ಹುಡುಗನೊಬ್ಬ ಮನೆಯ ಜಗಲಿಯಲ್ಲಿ ಕುಳಿತು ಮಡಿಲಿನ ಯಂತ್ರದಲ್ಲಿಯೇ ಚಿತ್ರ ಕೂಡಿಸಬಲ್ಲ. ತಪ್ಪಿದರೆ ಹಿಂದಕ್ಕೆ ಹೋಗಬಹುದು. ನೆಗೆಟಿವ್ ಹಾಳಾಗುವ ಭಯವಿಲ್ಲ. ಮದರಾಸಿಗೆ ರೈಲು ಹತ್ತಬೇಕಾಗಿಲ್ಲ. ಇದು ಒಳ್ಳೆಯದೇ. ಆದರೆ ಒಂದು ಅಡಿ ಫಿಲ್ಮಿಗೂ ದುಡ್ಡು ತೆರುತ್ತಿದ್ದ ಕಾಲದಲ್ಲಿ ತೆಗೆಯುವ ಮೊದಲೇ ಯೋಚಿಸುತ್ತಿದ್ದರು. ಈಗ ಎಲ್ಲವನ್ನೂ ತೆಗೆದು, ಯೋಚಿಸುವ ಭಾರವನ್ನು ಸಂಕಲನಕಾರನ ತಲೆಗೆ ಕಟ್ಟುತ್ತಾರೆ. ರಾಶಿ ಹಿಂದಿಗಿಂತ ದೊಡ್ಡದಾಗಿದೆ, ಸುಲಿಯುವವನು ಒಬ್ಬನೇ. ಬೆಂಗಳೂರಿನಲ್ಲಿ ಚಿತ್ರ ಬಿಡುಗಡೆಯ ಹಿಂದಿನ ರಾತ್ರಿ ನಿದ್ದೆಗೆಡುವವನು ಇಂದಿಗೂ ಅವನೇ.

ಸಾಗರದಿಂದ ಸಿಗಂದೂರಿಗೆ ಹೋಗುವ ಹಾದಿಯಲ್ಲಿ ಹೊಳೆಬಾಗಿಲು ಎಂಬ ಎಡೆಯಿದೆ. ರಸ್ತೆ ಅಲ್ಲಿ ನೀರಿಗೆ ಇಳಿದು ಕಾಣೆಯಾಗುತ್ತಿತ್ತು. ಬಸ್ಸು, ಜೀಪು, ಅಡಕೆಯ ಮೂಟೆ, ಮದುವೆಯ ದಿಬ್ಬಣ, ಆಸ್ಪತ್ರೆಗೆ ಹೊರಟ ಬಸುರಿ ಹೆಂಗಸು, ಎಲ್ಲರೂ ದಡದಲ್ಲಿ ನಿಂತು ಲಾಂಚಿಗಾಗಿ ಕಾಯಬೇಕಾಗಿತ್ತು. ಆಚೆ ದಡದ ತುಮರಿ ಸೀಮೆಯವರಿಗೆ ಸಾಗರದ ಪೇಟೆಯೆಂದರೆ ಮೊದಲು ನೆನಪಾಗುತ್ತಿದ್ದುದು ಈ ಕಾಯುವಿಕೆಯೇ. ಅಣೆಕಟ್ಟು ಮುಗಿದು ಅರವತ್ತು ವರ್ಷ ದಾಟಿದ ಮೇಲೆ, 2025ರ ಜುಲೈ ತಿಂಗಳಿನಲ್ಲಿ, ಅಂಬಾರಗೋಡ್ಲು ಮತ್ತು ಕಳಸವಳ್ಳಿಗಳ ನಡುವೆ ಎರಡು ಕಿಲೋಮೀಟರಿಗೂ ಉದ್ದನೆಯ ಸೇತುವೆ ತೆರೆಯಿತು. ಈಗ ಕೆಲವೇ ನಿಮಿಷಗಳಲ್ಲಿ ಬಸ್ಸು ಆಚೆಗೆ ಹೋಗುತ್ತದೆ. ಕಿಟಕಿಯ ಬಳಿ ಕುಳಿತ ಮಕ್ಕಳು ಕೆಳಗಿನ ನೀರನ್ನು ನೋಡಿ ಕೈ ಬೀಸುತ್ತಾರೆ. ಅವರ ಅಜ್ಜಂದಿರು ನೀರಿನಡಿಯಲ್ಲಿ ತಮ್ಮ ಮನೆ ಯಾವ ಕಡೆಗಿತ್ತೆಂದು ಬೆರಳು ಮಾಡಿ ತೋರಿಸುವಷ್ಟರಲ್ಲಿ ಬಸ್ಸು ದಡ ಸೇರಿರುತ್ತದೆ.